ಕುಮ್ಮಟದ ಕುಮಾರರಾಮ: ಎಷ್ಟು ಖರೆ, ಎಷ್ಟು ಕಥೆ?

ಬೇಸಿಗೆ ರಜೆಗೆ ಬಂದಿದ್ದ ಮೊಮ್ಮಗ ಒಂದು ದಪ್ಪ ಇಂಗ್ಲಿಷ್ ಪುಸ್ತಕ ತಂದಿದ್ದ. ಆರ್ಥರ್ ಎಂಬ ರಾಜನ ಕಥೆ. ಕಲ್ಲಿನಿಂದ ಕತ್ತಿ ಕಿತ್ತ ಹುಡುಗ, ದುಂಡು ಮೇಜಿನ ಸುತ್ತ ಕೂತ ವೀರರು, ಮಂತ್ರವಾದಿ, ಕೊನೆಯ ಕಾಳಗ. ಓದಿ ಮುಗಿಸಿದವನು ನನ್ನ ಹತ್ತಿರ ಬಂದು, "ಅಜ್ಜಾ, ಈ ರಾಜ ಖರೇನ ಇದ್ನಾ?" ಎಂದ.

ನನಗೆ ತಿಳಿದಷ್ಟು ಹೇಳಿದೆ. ಐದು-ಆರನೇ ಶತಮಾನದಲ್ಲಿ ಬ್ರಿಟನ್ ದೇಶದಲ್ಲಿ ಯಾರೋ ಒಬ್ಬ ದಂಡನಾಯಕ ಇದ್ದಿರಬಹುದು. ಆದರೆ ಆ ಕಾಲಕ್ಕೆ ಹತ್ತಿರದಲ್ಲೇ ಬದುಕಿದ್ದ ಗಿಲ್ಡಾಸ್ ಎಂಬ ಸನ್ಯಾಸಿ ಯುದ್ಧಗಳ ಬಗ್ಗೆ ಬರೆದರೂ ಆರ್ಥರ್ ಹೆಸರು ಎತ್ತಿಲ್ಲ. ಸುಮಾರು 830ರ ಹೊತ್ತಿನ ಒಂದು ಲ್ಯಾಟಿನ್ ಗ್ರಂಥದಲ್ಲಿ ಅವನು ಗೆದ್ದ ಹನ್ನೆರಡು ಯುದ್ಧಗಳ ಪಟ್ಟಿ ಬಂತು. 1136ರ ಸುಮಾರಿಗೆ ಜೆಫ್ರಿ ಎಂಬ ಪಾದ್ರಿ ಅವನನ್ನು ದೊಡ್ಡ ಚಕ್ರವರ್ತಿಯನ್ನಾಗಿ ಮಾಡಿದ. ವಿಂಚೆಸ್ಟರಿನಲ್ಲಿ ತೂಗುಹಾಕಿರುವ ದುಂಡು ಮೇಜು 13ನೇ ಶತಮಾನದಲ್ಲಿ ಮಾಡಿಸಿದ್ದು. ಅಂದರೆ ರಾಜ ಸತ್ತು ಏಳುನೂರು ವರ್ಷವಾದ ಮೇಲೆ ಮೇಜು ಬಂತು!

ಹುಡುಗ ಬಿದ್ದು ಬಿದ್ದು ನಕ್ಕ. ಆಮೇಲೆ, "ನಮ್ಮ ಕಡೆ ಇಂಥಾ ರಾಜ ಯಾರೂ ಇಲ್ಲೇನು?" ಎಂದ. ಗಂಗಾವತಿಯಲ್ಲಿ ಕೂತು ಈ ಪ್ರಶ್ನೆ ಕೇಳಬೇಕೆ! ಮರುದಿನ ಬೆಳಿಗ್ಗೆಯೇ ಅವನನ್ನು ಕರೆದುಕೊಂಡು ಜಬ್ಬಲಗುಡ್ಡದ ಕಡೆ ಹೊರಟೆ. ಅಲ್ಲಿನ ಬೆಟ್ಟಸಾಲಿನಲ್ಲಿ ಕುಮ್ಮಟದುರ್ಗ ಇದೆ, ಗಂಡುಗಲಿ ಕುಮಾರರಾಮನ ಕೋಟೆ.

ಈ ಕಥೆ ನನಗೆ ಮೊದಲು ಸಿಕ್ಕಿದ್ದು ಪುಸ್ತಕದಲ್ಲಲ್ಲ, ಬಯಲಾಟದಲ್ಲಿ. ಆಗ ನನಗೆ ಒಂಬತ್ತೋ ಹತ್ತೋ ವರ್ಷ. ಯಲಬುರ್ಗಾ ತಾಲ್ಲೂಕಿನ ಸೋದರಮಾವನ ಊರಲ್ಲಿ ಸುಗ್ಗಿ ಮುಗಿದ ಮೇಲೆ ಆಟ ಇಟ್ಟಿದ್ದರು. ಪೆಟ್ರೋಮ್ಯಾಕ್ಸ್ ಬೆಳಕು, ಮದ್ದಳೆ, ತಾಳ, ಭುಜಕೀರ್ತಿ ಕಟ್ಟಿಕೊಂಡ ರಾಜರು ಕುಣಿದರೆ ಅಟ್ಟವೇ ಅಲ್ಲಾಡುತ್ತಿತ್ತು. ಕಂಬಳಿ ಹೊದ್ದು ಅಜ್ಜಿಯ ಮಗ್ಗುಲಲ್ಲಿ ಕೂತು ಬೆಳ್ಳಂಬೆಳಗಿನ ತನಕ ನೋಡಿದೆ.

ಕಥೆ ಇಷ್ಟು. ಕಂಪಿಲರಾಯನಿಗೆ ಜಟಂಗಿ ರಾಮೇಶ್ವರನ ವರದಿಂದ ಹುಟ್ಟಿದ ಮಗ ಕುಮಾರರಾಮ. ಜೀವದ ಗೆಳೆಯ ಕಾಟಣ್ಣ, ಮೆಚ್ಚಿನ ಕುದುರೆ ಬೊಲ್ಲ. ಒಂದು ದಿನ ಆಡುತ್ತಿದ್ದ ಚೆಂಡು ಕಿರಿಯ ರಾಣಿ ರತ್ನಾಜಿಯ ಅರಮನೆಗೆ ಬಿತ್ತು. ತರಲು ಹೋದ ರಾಮನನ್ನು ಮಲತಾಯಿ ಮೋಹಿಸಿದಳು. ಅವನು "ನೀನು ನನ್ನ ತಾಯಿ" ಎಂದು ಕೈಮುಗಿದು ಹೊರಬಂದ. ಸಿಟ್ಟಿಗೆದ್ದ ಅವಳು ಗಂಡನ ಮುಂದೆ ಸುಳ್ಳು ದೂರು ಹೇಳಿದಳು. ರಾಯ ವಿಚಾರಿಸಲಿಲ್ಲ, ಮಗನ ತಲೆ ತೆಗೆಯಲು ಅಪ್ಪಣೆ ಕೊಟ್ಟುಬಿಟ್ಟ. ಮಂತ್ರಿ ಬೈಚಪ್ಪ ಜಾಣ. ರಾಮನನ್ನು ನೆಲಮಾಳಿಗೆಯಲ್ಲಿ ಅಡಗಿಸಿ ಬೇರೆ ತಲೆ ತೋರಿಸಿದ. ದಿಲ್ಲಿಯ ದಂಡು ಬಂದು ಮುತ್ತಿದಾಗ ರಾಯ ಮಗನನ್ನು ನೆನೆದು ಅತ್ತ, ಬೈಚಪ್ಪ ಬಾಗಿಲು ತೆರೆದ, ರಾಮ ಹೊರಬಂದು ಶತ್ರುಗಳನ್ನು ಓಡಿಸಿದ. ಕೊನೆಗೆ ದಿಲ್ಲಿಯವರು ಮಾತಂಗಿ ಎಂಬ ಹೆಣ್ಣು ವೀರಳನ್ನು ಕಳಿಸಿದರು. "ಹೆಂಗಸಿನ ಮ್ಯಾಲ ಕೈ ಎತ್ತಲಿಲ್ಲಪ್ಪ ಅವ, ಅದಕ್ಕ ಬಿದ್ದ" ಎಂದು ಅಜ್ಜಿ ಸೆರಗಿನಿಂದ ಕಣ್ಣು ಒರೆಸಿಕೊಂಡಳು. ಪರನಾರಿ ಸಹೋದರ ಎಂದು ಅವನಿಗೆ ಬಿರುದು.

ಇನ್ನೊಂದು ಸಂಗತಿ ಹೇಳಲೇಬೇಕು. ಅವತ್ತು ರತ್ನಾಜಿಯ ಪಾತ್ರ ಮಾಡಿದ್ದವನು ಊರಿನ ಸಿಂಪಿಗ, ಬಹಳ ಸಂಭಾವಿತ ಮನುಷ್ಯ. ಅವನು ದೂರು ಹೇಳುವಾಗ ಹೆಂಗಸರು ಕೂತಲ್ಲಿಂದಲೇ ಶಾಪ ಹಾಕಿದರು. ಮರುದಿನ ನಾವು ಹುಡುಗರು ಅವನ ಅಂಗಡಿ ಮುಂದೆ ನಿಂತು "ರತ್ನಾಜೀ" ಎಂದು ಕೂಗಿ ಓಡಿದೆವು. ನಾನು ಒಂದು ಹೆಂಟೆಯನ್ನೂ ಎಸೆದೆ. ಅವನು ಹೊಲಿಗೆ ಯಂತ್ರದಿಂದ ತಲೆ ಎತ್ತಿ ನೋಡಿದ, ಬೈಯಲಿಲ್ಲ. ಆ ನೋಟ ಇವತ್ತಿಗೂ ಮರೆತಿಲ್ಲ.

ಬ್ಯಾಂಕಿನಲ್ಲಿ ದುಡಿದವನಿಗೆ ಒಂದು ಚಾಳಿ ಅಂಟಿಬಿಡುತ್ತದೆ. ವೋಚರ್ ಇಲ್ಲದೆ ಲೆಡ್ಜರಿನಲ್ಲಿ ಎಂಟ್ರಿ ಹಾಕುವಂತಿಲ್ಲ. ನಿವೃತ್ತಿಯ ನಂತರ ಕುಮಾರರಾಮನ ವೋಚರುಗಳನ್ನು ಹುಡುಕಿದೆ.

ಮೊದಲನೆಯದು ಕಲ್ಲಿನದು, ಯಾರು ಬೇಕಾದರೂ ಹೋಗಿ ನೋಡಬಹುದು. ಹಂಪಿಯ ವಿರೂಪಾಕ್ಷ ಗುಡಿಯ ಪಕ್ಕದ ಹೇಮಕೂಟದ ಮೇಲೆ ಮೂರು ಗರ್ಭಗುಡಿಯ ಒಂದು ಶಿವಾಲಯವಿದೆ. ಮುಮ್ಮಡಿ ಸಿಂಗೆಯ ನಾಯಕನ ಮಗ ವೀರ ಕಂಪಿಲದೇವ ಅದನ್ನು ಕಟ್ಟಿಸಿ, ತಂದೆ ತಾಯಿಯರ ಹೆಸರಿನಲ್ಲೂ ಪೆರುಮೆಯ ನಾಯಕ ಎಂಬುವನ ಹೆಸರಿನಲ್ಲೂ ಲಿಂಗಗಳನ್ನು ನಿಲ್ಲಿಸಿದ ಎಂದು ಅಲ್ಲಿನ ಶಾಸನ ಹೇಳುತ್ತದೆ. ವಿಜಯನಗರ ಹುಟ್ಟುವುದಕ್ಕೆ ಮೊದಲಿನ ಮಾತು. ಹಾಗಾದರೆ ಕಂಪಿಲರಾಯ ಖರೆ. ಇನ್ನು ಹಾವೇರಿ ಸೀಮೆಯ ಸಂಗೂರಿನಲ್ಲಿ 15ನೇ ಶತಮಾನದ ಆರಂಭದ ಶಾಸನವೊಂದು ಕಂಪಿಲನ ಮಗ ಕುಮಾರ ರಾಮನಾಥನನ್ನು ನೆನೆಯುತ್ತದೆ. ಸತ್ತು ನೂರು ವರ್ಷವಾಗುವುದರೊಳಗೆ ಅಷ್ಟು ದೂರದ ಊರಿನಲ್ಲಿ ಅವನ ಹೆಸರು ಕಲ್ಲಿನ ಮೇಲೆ ಬಂದಿತ್ತು. ಆರ್ಥರನಿಗೆ ಈ ಭಾಗ್ಯ ಇಲ್ಲ.

ಎರಡನೆಯದು ಮೊರಾಕ್ಕೊ ದೇಶದಿಂದ ಬಂದ ಯಾತ್ರಿಕ ಇಬ್ನ್ ಬತೂತನ ಬರಹ. ಅವನು ದಿಲ್ಲಿ ಮುಟ್ಟಿದ್ದು 1334ರಲ್ಲಿ, ಕಂಪಿಲಿ ಬಿದ್ದು ಏಳೇ ವರ್ಷಕ್ಕೆ. ನಡೆದದ್ದೇನೆಂದರೆ, ಮಹಮ್ಮದ್ ಬಿನ್ ತುಘಲಕನ ಹತ್ತಿರದ ಬಂಧು ಬಹಾವುದ್ದೀನ್ ಗುರ್ಷಾಸ್ಪ್ ಸಗರದಲ್ಲಿ (ಈಗಿನ ಯಾದಗಿರಿ ಜಿಲ್ಲೆ) ಸುಲ್ತಾನನ ವಿರುದ್ಧ ದಂಗೆ ಎದ್ದ, ಸೋತ, ಓಡಿಬಂದು ಕಂಪಿಲನ ಆಶ್ರಯ ಬೇಡಿದ. ಕಂಪಿಲ ಕೊಟ್ಟ. 1327ರಲ್ಲಿ ದಿಲ್ಲಿಯ ದಂಡು ಬೆನ್ನಟ್ಟಿ ಬಂತು. ಇನ್ನು ಕೋಟೆ ಉಳಿಯದು ಎಂದಾದಾಗ ಕಂಪಿಲ ಮೊದಲು ಮಾಡಿದ್ದು ಆ ಅತಿಥಿಯನ್ನು ಹೊಯ್ಸಳ ಬಲ್ಲಾಳನ ಕಡೆ ದಾಟಿಸಿದ್ದು. ಆಮೇಲೆ ರಾಣಿವಾಸದ ಹೆಂಗಸರು ಬೆಂಕಿಗೆ ಬಿದ್ದರು, ರಾಯ ಹೊರಬಿದ್ದು ಕಾದಾಡಿ ಸತ್ತ. ಬಲ್ಲಾಳ ಮಾತ್ರ ದಂಡಿಗೆ ಅಂಜಿ ಅತಿಥಿಯನ್ನು ಒಪ್ಪಿಸಿಬಿಟ್ಟ.

ಕಂಪಿಲನ ಹನ್ನೊಂದು ಮಕ್ಕಳು ಸೆರೆಯಾಗಿ ದಿಲ್ಲಿಗೆ ಹೋಗಿ ಮುಸಲ್ಮಾನರಾದರು, ತಂದೆಯ ನಡತೆಗೆ ಮೆಚ್ಚಿ ಸುಲ್ತಾನ ಅವರನ್ನು ಅಮೀರರನ್ನಾಗಿ ಮಾಡಿದ ಎನ್ನುತ್ತಾನೆ ಇಬ್ನ್ ಬತೂತ. ಅವರಲ್ಲಿ ಮೂವರನ್ನು ತಾನೇ ಕಂಡಿದ್ದಾನೆ. ಕುಮಾರರಾಮನ ಹೆಸರು ಅವನ ಬರಹದಲ್ಲಿಲ್ಲ. ರತ್ನಾಜಿಯ ಸುದ್ದಿಯೂ ಇಲ್ಲ.

ರತ್ನಾಜಿ ಬರುವುದು ಕಾವ್ಯದಲ್ಲಿ. 16ನೇ ಶತಮಾನದ ನಂಜುಂಡ ಕವಿಯ ಸಾಂಗತ್ಯ, ಪಾಂಚಾಳ ಗಂಗನ ಸಾಂಗತ್ಯ, ಮುಂದೆ ಜನಪದ ಹಾಡು, ಬಯಲಾಟ. ನನ್ನ ಅನುಮಾನ ಏನೆಂದರೆ, ಈ ಮಲತಾಯಿ ಊರೂರು ಅಲೆಯುವ ಪಾತ್ರ. ಅಶೋಕನ ಮಗ ಕುಣಾಲನಿಗೆ ತಿಷ್ಯರಕ್ಷಿತೆ ಇದ್ದಳು, ತೆಲುಗರ ಸಾರಂಗಧರನಿಗೆ ಚಿತ್ರಾಂಗಿ, ಗ್ರೀಕರ ಹಿಪೊಲಿಟಸನಿಗೆ ಫೇಡ್ರಾ. ಎಲ್ಲೆಲ್ಲೂ ಅದೇ ಮೋಹ, ಅದೇ ಸೇಡು. ನಮ್ಮ ವೀರನಿಗೂ ಒಬ್ಬಳು ಬೇಕಿತ್ತು, ಬಂದಳು. ನನ್ನ ಲೆಡ್ಜರಿನಲ್ಲಿ ಅವಳ ಎಂಟ್ರಿ ಪೆನ್ಸಿಲಿನಲ್ಲೇ ಇದೆ. ಆ ಸಿಂಪಿಗ ಈಗ ಇದ್ದಿದ್ದರೆ ಹೋಗಿ ಹೇಳಿಬರುತ್ತಿದ್ದೆ.

ಮಾತಂಗಿಯನ್ನೂ ಪೆನ್ಸಿಲಿನಲ್ಲೇ ಬರೆದಿದ್ದೇನೆ. ಆದರೆ ದಿಲ್ಲಿಯಿಂದ ಓಡಿಬಂದವನಿಗೆ ಆಶ್ರಯ ಕೊಟ್ಟ ಸಂಗತಿ ಕಾವ್ಯದಲ್ಲೂ ಇದೆ, ಬಹಾದ್ದೂರ ಎಂಬ ಹೆಸರಿನಲ್ಲಿ. ಇಬ್ಬರು ಅಪರಿಚಿತ ಸಾಕ್ಷಿಗಳು ಒಂದೇ ಮಾತು ಹೇಳಿದಂತಾಯಿತು. ಇದನ್ನು ಇಂಕಿನಲ್ಲಿ ಬರೆಯಬಹುದು.

ಬೆಟ್ಟ ಹತ್ತುವಾಗ ನನಗೆ ಮೂರು ಕಡೆ ಕೂರಬೇಕಾಯಿತು. ಬಂಡೆಗಳ ನಡುವೆ ಗೋಡೆ ಹಾಯ್ದುಹೋಗಿದೆ, ಅಲ್ಲಲ್ಲಿ ಕುಸಿದಿದೆ. ಗುಡಿಯಲ್ಲಿ ಕುಮಾರರಾಮನದೆಂದು ಪೂಜಿಸುವ ಮರದ ಮುಖಗಳಿವೆ. ತಲೆಯನ್ನು ದಿಲ್ಲಿಗೆ ಒಯ್ದರಂತೆ, ಅದಕ್ಕೇ ಮುಖಕ್ಕೆ ಪೂಜೆ. ಮಲೆನಾಡಿನ ಹಳ್ಳಿಗಳಲ್ಲೂ ಇಂಥ ಮರದ ಮುಖಗಳುಂಟು. ಹುಡುಗ ಬಹಳ ಹೊತ್ತು ಅವನ್ನೇ ನೋಡಿದ.

ಇಳಿಯುವಾಗ ಕೇಳಿದ: "ಅಜ್ಜಾ, ಆ ಮನಿಷ್ಯಾನ್ನ ಒಪ್ಪಿಸಿಬಿಟ್ಟಿದ್ರ ಕೋಟೆ ಉಳೀತಿತ್ತಲ್ಲ? ಎಲ್ಲಾರೂ ಬದುಕ್ತಿದ್ರಲ್ಲ?"

"ಉಳೀತಿತ್ತೋ ಏನೋ. ಒಪ್ಪಿಸಿದ ಬಲ್ಲಾಳ ಇನ್ನೂ ಹದಿನೈದು ವರ್ಷ ಬದುಕಿದ, ನೋಡು."

"ಬಲ್ಲಾಳಂದು ಬಯಲಾಟ ಐತೇನು?"

ನಾನು ನೋಡಿಲ್ಲ ಎಂದೆ. ಅವನು ಮುಂದೆ ಮುಂದೆ ಇಳಿದುಹೋದ.

ಹೋಗುವವರು ಬೆಳಿಗ್ಗೆ ಎಂಟರೊಳಗೆ ಹತ್ತಿಬಿಡಿ, ಬಂಡೆ ಕಾದರೆ ಕಷ್ಟ. ನೀರು, ಬುತ್ತಿ ಜೊತೆಗಿರಲಿ. ದಾರಿ ತೋರಿಸಲು ಊರಿನವರೊಬ್ಬರನ್ನು ಕರೆದುಕೊಳ್ಳಿ, ಶಾಸನದಲ್ಲಿಲ್ಲದ ನಾಲ್ಕು ಕಥೆ ಅವರ ಬಾಯಲ್ಲಿರುತ್ತವೆ. ಮುಂದಿನ ರಜೆಗೆ ಹೇಮಕೂಟದ ಶಾಸನ ತೋರಿಸುತ್ತೇನೆಂದು ಮೊಮ್ಮಗನಿಗೆ ಮಾತು ಕೊಟ್ಟಿದ್ದೇನೆ.