ಹಲ್ಮಿಡಿ ಕಲ್ಲಿನಲ್ಲಿ ಹಲ್ಮಿಡಿ ಊರು

ಹಲ್ಮಿಡಿ ಶಾಸನ ಅಂದ ಕೂಡಲೇ ಚರ್ಚೆ ಕಾಲದ ಕಡೆಗೇ ಹೋಗುತ್ತೆ. ಕ್ರಿ.ಶ. 450 ಸರಿಯೇ? ಮೊದಲ ಕನ್ನಡ ಶಾಸನ ಇದೋ, ತಾಳಗುಂದದ್ದೋ? ಕಲ್ಲಿನ ಮೇಲೆ ವರ್ಷ ಬರೆದಿಲ್ಲ. ಲಿಪಿ ನೋಡಿ, ಅದರಲ್ಲಿ ಬರೋ ಕದಂಬ ಕಾಕುಸ್ಥನ ಹೆಸರು ನೋಡಿ ಕಾಲ ಹೇಳ್ತಾರೆ. ಆ ವಾದ ಹಾಗೇ ನಡೀಲಿ. ಬೇಲೂರು ತಾಲ್ಲೂಕಿನ ಈ ಸಣ್ಣ ಊರಿನ ಬಗ್ಗೆ ಕಲ್ಲು ಏನು ಹೇಳುತ್ತೆ ಅನ್ನೋದನ್ನ ಮಾತ್ರ ಇಲ್ಲಿ ನೋಡೋಣ. ನನ್ನ ಮಟ್ಟಿಗೆ ಅದು ಮೊದಲು ಒಂದು ಜಮೀನಿನ ದಾಖಲೆ, ಆಮೇಲೆ ಭಾಷೆಯ ದಾಖಲೆ.

1936ರಲ್ಲಿ ಮೈಸೂರು ಪುರಾತತ್ವ ಇಲಾಖೆಯ ಎಂ. ಎಚ್. ಕೃಷ್ಣ ಇದನ್ನು ಬೆಳಕಿಗೆ ತಂದರು. ಮೂಲ ಕಲ್ಲು ಈಗ ಊರಲ್ಲಿಲ್ಲ, ಅಲ್ಲಿರೋದು ಪ್ರತಿಕೃತಿ. ಒಟ್ಟು 16 ಸಾಲು. ಶುರುವಿನಲ್ಲಿ ವಿಷ್ಣುಸ್ತುತಿಯ ಸಂಸ್ಕೃತ ಶ್ಲೋಕ, ಆಮೇಲೆ ಸಂಸ್ಕೃತದ ಉದ್ದುದ್ದ ಸಮಾಸ ತುಂಬಿದ ಕನ್ನಡ ಗದ್ಯ. ಸಾರಾಂಶ ಇಷ್ಟು: ಸೇಂದ್ರಕ, ಬಾಣ ಎರಡೂ ದೇಶದ ವೀರರ ‘ಸಮಕ್ಷದೆ’ ಕೇಕಯ-ಪಲ್ಲವರ ಮೇಲೆ ಕಾದಿ ಗೆದ್ದ ವಿಜ ಅರಸನಿಗೆ ‘ಬಾಳ್ಗೞ್ಚು’ ಆಗಿ ಎರಡು ಊರು ಕೊಟ್ಟರು. ಬಾಳ್ ಅಂದ್ರೆ ಕತ್ತಿ, ಕೞ್ಚು ಅಂದ್ರೆ ತೊಳೆಯೋದು. ಕತ್ತಿಯ ರಕ್ತ ತೊಳೆದು ಕೊಡೋ ಉಡುಗೊರೆ, ಪರಾಕ್ರಮಕ್ಕೆ ಸಿಕ್ಕ ದತ್ತಿ.

ಆ ಎರಡು ಊರು ‘ಪಲ್ಮಡಿ’ (ಪಲ್ಮಿಡಿ ಅಂತಲೂ ಹೇಳ್ತಾರೆ) ಮತ್ತು ‘ಮೂಳಿವಳ್ಳಿ’. ಪಾಲು ಹಾಲಾದ ಹಾಗೆ, ಪೋಗು ಹೋಗು ಆದ ಹಾಗೆ, ಪಲ್ಮಿಡಿ ಹಲ್ಮಿಡಿ ಆಯ್ತು. ಪದದ ಮೊದಲಿನ ಪಕಾರ ಹಕಾರವಾಗೋದು ಸುಮಾರು ಹತ್ತನೇ ಶತಮಾನದಿಂದೀಚೆಗೆ ನಡೆದ ಬದಲಾವಣೆ. ಮೂಳಿವಳ್ಳಿಯ ‘ವಳ್ಳಿ’ ನಮ್ಮ ‘ಹಳ್ಳಿ’ಯ ಹಳೇ ರೂಪ ‘ಪಳ್ಳಿ’ಯೇ, ಸಮಾಸದ ನಡುವೆ ಬಂದಿದ್ದಕ್ಕೆ ಪ ಹೋಗಿ ವ ಆಗಿದೆ. ಸಾಮ್ರಾಜ್ಯಗಳು ಬಂದು ಹೋದವು, ಊರಿನ ಹೆಸರು ಒಂದಕ್ಷರ ಬದಲಿಸಿಕೊಂಡು ಹಾಗೇ ಉಳೀತು.

ಮುಂದೆ ಶಾಪದ ಭಾಗ. ಅಲ್ಲಿ ‘ಕುಲದೋನ್’, ‘ಕಳ್ದೋನ್’ ಅನ್ನೋ ರೂಪಗಳಿವೆ. ಕಳ್ದೋನ್ ಅಂದ್ರೆ ಕದ್ದವನು, ಅವನು ಮಹಾಪಾತಕಿ. ನಮ್ಮ ಬರವಣಿಗೆಯ ‘ಕುಲದವನು’, ‘ಕದ್ದವನು’ಗಿಂತ ಮಾತಿನ ‘ಕುಲದೋನು’, ‘ಕದ್ದೋನು’ ಇದಕ್ಕೆ ಹತ್ತಿರ ಅಲ್ವಾ? ಇಂಥದ್ದು ಸಿಕ್ಕಾಗ ನನಗೆ ಬಲು ಖುಷಿ.

ಹೆಚ್ಚು ಜನ ಗಮನಿಸದೆ ದಾಟಿಹೋಗೋ ವಿವರ ಇದಾದ ಮೇಲೆ ಬರುತ್ತೆ. ಪಲ್ಮಡಿಗೆ ‘ಕುರುಂಬಿಡಿ’ ಬಿಟ್ಟರು ಅಂತಿದೆ. ಇದು ಒಂದು ತೆರಿಗೆಯ ವಿನಾಯಿತಿ ಅನ್ನೋದು ಸಾಮಾನ್ಯವಾಗಿ ಒಪ್ಪಿರೋ ಅರ್ಥ. ಕೊಟ್ಟದ್ದು ಎರಡು ಊರು, ಆದರೆ ವಿನಾಯಿತಿಯಲ್ಲಿ ಹೆಸರಿರೋದು ಪಲ್ಮಡಿಯದ್ದು ಮಾತ್ರ. ಕಲ್ಲು ಮೂಳಿವಳ್ಳಿಯಲ್ಲಿ ಸಿಗದೆ ಹಲ್ಮಿಡಿಯಲ್ಲೇ ಸಿಕ್ಕಿದ್ದು ಇದಕ್ಕೆ ಹೊಂದುತ್ತೆ.

ಕೊನೇ ಸಾಲು ಕಲ್ಲಿನ ಪಕ್ಕದಲ್ಲಿದೆ. ‘ಭಟ್ಟರ್ಗೀ ಗೞ್ದೆ’ ಅಂತ ಶುರುವಾಗಿ, ‘ಪತ್ತೊಂದಿ’ ಅಂದ್ರೆ ಹತ್ತರಲ್ಲೊಂದು ಪಾಲನ್ನ ಭಟ್ಟರಿಗೆ ಬಿಡುತ್ತೆ. ಗೞ್ದೆ ಅಂದ್ರೆ ಗದ್ದೆ. ನೀರು ನಿಲ್ಲಿಸಿ ಬೆಳೆಯೋ ಜಮೀನು, ಅದರ ಫಸಲಿನ ಲೆಕ್ಕ, ಪಾಲಿನ ಹಕ್ಕು ಎಲ್ಲಾ ಆಗಲೇ ಈ ಊರಲ್ಲಿತ್ತು.