ಹಂಪಿ ಹೋದ ಮೇಲೂ ಉಳಿದ ಬಳ್ಳಾರಿ

ಪ್ರವಾಸೋದ್ಯಮದ ಮಟ್ಟಿಗೆ ಬಳ್ಳಾರಿ ಜಿಲ್ಲೆ ಎಂದರೆ ಹಂಪಿ ಎಂಬ ಸಮೀಕರಣವನ್ನು ನಾವು ದಶಕಗಳ ಕಾಲ ಪ್ರಶ್ನಿಸದೆ ಒಪ್ಪಿಕೊಂಡಿದ್ದೆವು. ಕೈಪಿಡಿಗಳ ಮುಖಪುಟದಲ್ಲಿ ಕಲ್ಲಿನ ರಥ, ಒಳಪುಟದಲ್ಲಿ ವಿರೂಪಾಕ್ಷನ ಗೋಪುರ. ಅಲ್ಲಿಗೆ ಜಿಲ್ಲೆಯ ಚರಿತ್ರೆ ಮುಗಿಯುತ್ತಿತ್ತು. 2021ರಲ್ಲಿ ವಿಜಯನಗರ ಜಿಲ್ಲೆ ಅಸ್ತಿತ್ವಕ್ಕೆ ಬಂದು ಹೊಸಪೇಟೆ ಅದರ ಕೇಂದ್ರವಾದಾಗ ಈ ಸಮೀಕರಣ ತಾನಾಗಿಯೇ ಮುರಿದುಬಿತ್ತು. ಹಂಪಿ ಆ ಕಡೆಗೆ ಹೋಯಿತು. ಬಳ್ಳಾರಿ, ಕುರುಗೋಡು, ಸಿರುಗುಪ್ಪ, ಕಂಪ್ಲಿ, ಸಂಡೂರು ಎಂಬ ಐದು ತಾಲ್ಲೂಕುಗಳು ಈ ಕಡೆಗೆ ಉಳಿದವು. ‘ಇನ್ನು ಬಳ್ಳಾರಿಯಲ್ಲಿ ನೋಡಲು ಏನಿದೆ, ಬಿಸಿಲು ಮತ್ತು ಗಣಿಧೂಳು ಬಿಟ್ಟರೆ?’ ಎಂಬ ಮಾತು ಆಗ ಸಾಮಾನ್ಯವಾಗಿ ಕೇಳಿಬಂತು. ಆಶ್ಚರ್ಯವೆಂದರೆ, ಹಾಗೆ ಕೇಳಿದವರಲ್ಲಿ ಬಳ್ಳಾರಿಯವರೇ ಹೆಚ್ಚು.

ಈ ಪ್ರಶ್ನೆಗೆ ಉತ್ತರ ಕೊಡುವ ಪ್ರಯತ್ನವೇ ಈ ಲೇಖನ. ನಿವೃತ್ತಿಯ ನಂತರ ದೊರೆತ ಬಿಡುವಿನಲ್ಲಿ ಬಳ್ಳಾರಿ ನಗರ, ಕುರುಗೋಡು, ಸಿರುಗುಪ್ಪಗಳ ಸುತ್ತಮುತ್ತ ಹಲವು ಬಾರಿ ಓಡಾಡಿದ್ದೇನೆ. ಸುಮಾರು ಅರವತ್ತು ಕಿಲೋಮೀಟರುಗಳ ಈ ಹಾದಿಯಲ್ಲಿ ಐದು ಸಾವಿರ ವರ್ಷಗಳ ಮಾನವ ಚರಿತ್ರೆ ಬಯಲಿನಲ್ಲಿ ಬಿದ್ದುಕೊಂಡಿದೆ ಎಂಬುದು ಉತ್ಪ್ರೇಕ್ಷೆಯಲ್ಲ.

ಮೊದಲಿಗೆ ನಗರವನ್ನೇ ನೋಡೋಣ. ಬಳ್ಳಾರಿಗುಡ್ಡದ ಕೋಟೆ ಎಲ್ಲರ ಕಣ್ಣಿಗೂ ಬೀಳುತ್ತದೆ, ಹತ್ತಿದವರು ಕಡಿಮೆ. ಮೇಲಿನ ಕೋಟೆಯನ್ನು ಕಟ್ಟಿಸಿದವನು ವಿಜಯನಗರದ ಅಧೀನದಲ್ಲಿದ್ದ ಪಾಳೆಯಗಾರ ಹನುಮಪ್ಪ ನಾಯಕ. 1770ರ ದಶಕದಲ್ಲಿ ಊರನ್ನು ವಶಪಡಿಸಿಕೊಂಡ ಹೈದರಾಲಿ, ಫ್ರೆಂಚ್ ಎಂಜಿನಿಯರೊಬ್ಬನಿಂದ ಅದನ್ನು ಬಲಪಡಿಸಿ ಕೆಳಗಿನ ಕೋಟೆಯನ್ನು ಕಟ್ಟಿಸಿದ. ಎದುರಿನ ಕುಂಬಾರಗುಡ್ಡ ಕೋಟೆಗಿಂತ ಎತ್ತರವಾಗಿದೆ, ಅಲ್ಲಿಂದ ಶತ್ರು ಫಿರಂಗಿ ಹಾರಿಸಬಹುದು ಎಂಬುದು ಕಾಮಗಾರಿ ಮುಗಿದ ಮೇಲೆ ಹೊಳೆದು, ಆ ಎಂಜಿನಿಯರನನ್ನೇ ಗಲ್ಲಿಗೇರಿಸಿದನೆಂಬ ಐತಿಹ್ಯವನ್ನು ಊರಿನವರು ಇಂದಿಗೂ ಹೇಳುತ್ತಾರೆ. ಕತೆ ನಿಜವೋ ಸುಳ್ಳೋ, ಬೆಳಗಿನ ಆರೂವರೆಗೆ ಕೋಟೆ ಹತ್ತಿ ಕುಂಬಾರಗುಡ್ಡದತ್ತ ನೋಡಿದರೆ ಅದರ ತರ್ಕ ಮಾತ್ರ ಅರ್ಥವಾಗುತ್ತದೆ. ಬಂಡೆಗಳ ಸಂದಿನಲ್ಲಿ ಮಳೆನೀರು ಹಿಡಿದಿಟ್ಟ ದೊಣೆಗಳನ್ನೂ ಗಮನಿಸಬೇಕು. ನೀರಿಲ್ಲದ ನಾಡಿನಲ್ಲಿ ಕೋಟೆಯ ನಿಜವಾದ ಬಲ ಗೋಡೆಯಲ್ಲ, ದೊಣೆ.

ಕೋಟೆಯಿಂದ ಕೆಳಗಿಳಿದರೆ ಇನ್ನೊಂದು ಬಳ್ಳಾರಿ ಇದೆ. 1800ರಲ್ಲಿ ಹೈದರಾಬಾದಿನ ನಿಜಾಮ ಈ ಪ್ರದೇಶವನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟ. ದತ್ತಮಂಡಲವೆಂಬ ಹೆಸರು ಬಂದದ್ದು ಹಾಗೆ. ಅದರ ಮೊದಲ ಪ್ರಧಾನ ಕಲೆಕ್ಟರ್ ಥಾಮಸ್ ಮನ್ರೋ 1807ರವರೆಗೆ ಇಲ್ಲಿದ್ದು ನಡೆಸಿದ ಭೂಮಾಪನ ರೈತವಾರಿ ಪದ್ಧತಿಗೆ ಬುನಾದಿಯಾಯಿತು. 1810ರಲ್ಲಿ ಬಂದ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ ಬೈಬಲನ್ನು ಕನ್ನಡಕ್ಕೆ ತಂದದ್ದು ಈ ಊರಿನಲ್ಲಿ ಕುಳಿತು. ಕನ್ನಡ ಮುದ್ರಣದ ಆರಂಭಿಕ ಅಧ್ಯಾಯಗಳಲ್ಲಿ ಬಳ್ಳಾರಿಗೊಂದು ಸ್ಥಾನವಿದೆ ಎಂಬುದನ್ನು ನಾವು ಮರೆತಿದ್ದೇವೆ. ದಂಡು ಪ್ರದೇಶದ ಹಳೆಯ ಚರ್ಚುಗಳು, ವಾರ್ಡ್ಲಾ ಶಾಲೆಯ ಕಟ್ಟಡ, ಸ್ವಾತಂತ್ರ್ಯ ಹೋರಾಟಗಾರರು ಸೆರೆವಾಸ ಅನುಭವಿಸಿದ ಅಲ್ಲೀಪುರ ಜೈಲಿನ ನೆನಪು, ಇವೆಲ್ಲ ಆ ಕಾಲದ ಉಳಿಕೆಗಳು.

ರಂಗಭೂಮಿಯ ಆಸಕ್ತರು ರಾಘವ ಕಲಾಮಂದಿರವನ್ನು ನೋಡದೆ ಹೋಗಬಾರದು. ವೃತ್ತಿಯಿಂದ ವಕೀಲರಾಗಿದ್ದ ಬಳ್ಳಾರಿ ರಾಘವ (1880–1946) ಕನ್ನಡ, ತೆಲುಗು, ಇಂಗ್ಲಿಷ್ ಮೂರರಲ್ಲೂ ಅಭಿನಯಿಸಿದ ನಟ. ಅವರ ಸೋದರಮಾವ ಧರ್ಮವರಂ ರಾಮಕೃಷ್ಣಮಾಚಾರ್ಯರು ತೆಲುಗು ನಾಟಕದ ಪಿತಾಮಹರೆಂದು ಹೆಸರಾದವರು. ಅವರೂ ಇಲ್ಲಿನ ವಕೀಲರೇ. ಎರಡು ಭಾಷೆಗಳು ಒಂದೇ ಅಂಗಳದಲ್ಲಿ ಬೆಳೆದ ಈ ಊರನ್ನು ಭಾಷೆಯ ಆಧಾರದ ಮೇಲೆ ಹಂಚುವುದು ಸುಲಭವಾಗಿರಲಿಲ್ಲ. ಮಿಶ್ರಾ ವರದಿಯ ನಂತರ 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿತು; ಆದವಾನಿ, ಆಲೂರು, ರಾಯದುರ್ಗಗಳು ಆಂಧ್ರಕ್ಕೆ ಹೋದವು. ಅದರ ಹಿಂದಿನ ರಾತ್ರಿ ವಿಜಯೋತ್ಸವದ ಚಪ್ಪರವನ್ನು ಕಾಯುತ್ತಿದ್ದ ಪೈಲ್ವಾನ್ ರಂಜಾನ್ ಸಾಬ್ ಆಸಿಡ್ ದಾಳಿಗೆ ಬಲಿಯಾದರು. ರಾಜ್ಯೋತ್ಸವದ ದಿನ ಮಾತ್ರ ನೆನಪಾಗುವ ಈ ಹೆಸರು ಬಳ್ಳಾರಿಗೆ ಬರುವ ಪ್ರತಿಯೊಬ್ಬ ಕನ್ನಡಿಗನಿಗೂ ಪರಿಚಯವಾಗಬೇಕು.

ನಗರದ ಅಂಚಿನಲ್ಲಿಯೇ ಸಂಗನಕಲ್ಲು ಮತ್ತು ಕುಪ್ಪಗಲ್ಲು ಇವೆ. ದಕ್ಷಿಣ ಭಾರತದ ನವಶಿಲಾಯುಗವನ್ನು ಅಭ್ಯಾಸ ಮಾಡುವ ವಿದ್ವಾಂಸರು ಜಗತ್ತಿನ ಯಾವ ಮೂಲೆಯಲ್ಲಿದ್ದರೂ ಈ ಹೆಸರುಗಳನ್ನು ಬಲ್ಲರು. ಬಳ್ಳಾರಿಯ ಆಟೋ ಚಾಲಕರಿಗೆ ವಿಳಾಸ ವಿವರಿಸಬೇಕಾಗುತ್ತದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಗುರುತಿಸಿದ ಈ ನೆಲೆಯಲ್ಲಿ 1940ರ ದಶಕದಲ್ಲಿ ಬಿ. ಸುಬ್ಬರಾವ್ ಉತ್ಖನನ ನಡೆಸಿದರು. ಈ ಶತಮಾನದ ಆರಂಭದಲ್ಲಿ ರವಿ ಕೋರಿಶೆಟ್ಟರ್ ಮತ್ತು ವಿದೇಶಿ ಸಹೋದ್ಯೋಗಿಗಳ ತಂಡ ಮತ್ತೆ ಕೆಲಸ ಕೈಗೊಂಡಿತು. ಇಲ್ಲಿನ ಜನ ಹುರುಳಿ, ಹೆಸರು, ಕೊರಲೆ ಬೆಳೆಯುತ್ತಿದ್ದರು, ದನ ಸಾಕುತ್ತಿದ್ದರು. ಹಿರೇಗುಡ್ಡದ ಕಪ್ಪುಶಿಲೆಯಿಂದ ಅವರು ಭಾರಿ ಪ್ರಮಾಣದಲ್ಲಿ ಕೊಡಲಿಗಳನ್ನು ತಯಾರಿಸುತ್ತಿದ್ದರು. ಒಡೆದ ಕಲ್ಲಿನ ಚಕ್ಕೆಗಳು ಇಂದಿಗೂ ಕಾಲಿಗೆ ತಾಗುತ್ತವೆ. ಅರ್ಥಶಾಸ್ತ್ರದ ಭಾಷೆಯಲ್ಲಿ ಹೇಳುವುದಾದರೆ, ಜೀನ್ಸ್ ಹೊಲಿಗೆಗೂ ಅದಿರಿಗೂ ಸಾವಿರಾರು ವರ್ಷ ಮೊದಲೇ ಬಳ್ಳಾರಿಗೊಂದು ಕೈಗಾರಿಕೆ ಇತ್ತು.

ಅದೇ ಗುಡ್ಡದ ಕಪ್ಪುಬಂಡೆಗಳ ಮೇಲೆ ಉದ್ದ ಕೊಂಬಿನ, ಎತ್ತರದ ಹಿಣಿಲಿನ ಗೂಳಿಗಳನ್ನು ಕುಟ್ಟಿ ಮೂಡಿಸಿದ್ದಾರೆ. 1892ರಷ್ಟು ಹಿಂದೆಯೇ ವರದಿಯಾಗಿದ್ದ ಈ ಚಿತ್ರಗಳ ನಡುವೆ ಕೆಲವು ಬಂಡೆಗಳಿಗೆ ಗುಳಿಗಳಿವೆ. ಕಲ್ಲಿನಿಂದ ತಟ್ಟಿದರೆ ಅವು ಗಂಟೆಯಂತೆ ನಿನಾದಗೈಯುತ್ತವೆ. ನಾನು ಹೋದಾಗ ಕುರಿ ಮೇಯಿಸುತ್ತಿದ್ದ ಹುಡುಗನೊಬ್ಬ ಎಲ್ಲಿ ತಟ್ಟಬೇಕೆಂದು ತೋರಿಸಿಕೊಟ್ಟ. ‘ಇವು ಮಾತಾಡೋ ಕಲ್ಲು ಸಾರ್’ ಎಂದ. 2004ರಲ್ಲಿ ವಿದ್ವತ್ ಪತ್ರಿಕೆಯೊಂದರಲ್ಲಿ ಇವುಗಳ ಕುರಿತ ಲೇಖನ ಪ್ರಕಟವಾದಾಗ ಜಗತ್ತು ಬೆರಗಾಯಿತು. ಆದರೆ ಅದೇ ಲೇಖನದ ಇನ್ನೊಂದು ಆತಂಕ, ಗುಡ್ಡದ ಅಂಚಿನ ಕಲ್ಲುಗಣಿಗಾರಿಕೆ, ಅಷ್ಟಾಗಿ ಯಾರ ಗಮನವನ್ನೂ ಸೆಳೆಯಲಿಲ್ಲ. ಈ ನೆಲೆಗಳ ವಸ್ತುಗಳನ್ನು ನೋಡಬಯಸುವವರಿಗೆ ನಗರದಲ್ಲಿ ಫೂಟ್ ಅವರ ಹೆಸರಿನಲ್ಲಿಯೇ ಸಂಗನಕಲ್ಲು ಪುರಾತತ್ವ ವಸ್ತುಸಂಗ್ರಹಾಲಯವಿದೆ. ಮೊದಲು ಅಲ್ಲಿಗೆ ಹೋಗಿ, ಆಮೇಲೆ ಗುಡ್ಡ ಹತ್ತುವುದು ಒಳ್ಳೆಯದು.

ಹೊಸಪೇಟೆ ರಸ್ತೆಯ ಕುಡತಿನಿಯ ಬಳಿ ಇರುವ ಬೂದಿದಿಬ್ಬವೂ ಈ ಕತೆಯ ಭಾಗವೇ. ರಾಕ್ಷಸರ ಚಿತಾಭಸ್ಮವೆಂಬುದು ಜನಪದರ ನಂಬಿಕೆ. ನವಶಿಲಾಯುಗದ ಪಶುಪಾಲಕರು ದೊಡ್ಡಿಗಳಲ್ಲಿ ಸಂಗ್ರಹವಾದ ಸೆಗಣಿಯನ್ನು ಮತ್ತೆಮತ್ತೆ ಸುಟ್ಟದ್ದರಿಂದ ಉಂಟಾದ ರಾಶಿ ಇದು ಎಂಬುದು ವಿಜ್ಞಾನದ ನಿರ್ಣಯ. ಫೂಟ್ ಊಹಿಸಿದ್ದನ್ನು ಆಲ್ಚಿನ್ ಅವರು 1950ರ ದಶಕದಲ್ಲಿ ಉತ್ನೂರಿನ ಉತ್ಖನನದಿಂದ ದೃಢಪಡಿಸಿದರು. ಎರಡನೆಯ ವಿವರಣೆ ಮೊದಲನೆಯದಕ್ಕಿಂತ ಕಡಿಮೆ ಅದ್ಭುತವೆಂದು ನನಗೆ ಅನ್ನಿಸಿಲ್ಲ.

ಬಳ್ಳಾರಿಯಿಂದ ಮೂವತ್ತು ಕಿಲೋಮೀಟರುಗಳೊಳಗೆ ಕುರುಗೋಡು. ಈಚಿನ ವರ್ಷಗಳಲ್ಲಿ ತಾಲ್ಲೂಕು ಕೇಂದ್ರವಾದ ಈ ಊರು ಹನ್ನೆರಡನೆಯ ಶತಮಾನದಲ್ಲಿಯೇ ರಾಜಧಾನಿಯಾಗಿತ್ತು. ಕಲ್ಯಾಣದ ಚಾಲುಕ್ಯರ ಸಾಮಂತರಾದ ಸಿಂದರು ಬಲ್ಲಕುಂದೆ ಮುನ್ನೂರನ್ನು ಇಲ್ಲಿಂದ ಆಳುತ್ತಿದ್ದರು. ಅರಸ ರಾಚಮಲ್ಲನ ಕಾಲದ ಕನ್ನಡ ಶಾಸನಗಳು ಊರಿನ ವೈಭವವನ್ನು ಕಾವ್ಯದ ಧಾಟಿಯಲ್ಲಿಯೇ ಬಣ್ಣಿಸುತ್ತವೆ. ದೊಡ್ಡಬಸವೇಶ್ವರ ಗುಡಿಯ ಏಕಶಿಲೆಯ ಬೃಹತ್ ಬಸವನನ್ನು ಜಾತ್ರೆಗೆ ಬರುವ ಸಾವಿರಾರು ಭಕ್ತರು ಬಲ್ಲರು. ಗುಡ್ಡದ ಬುಡದಲ್ಲಿ ಚದುರಿರುವ ಚಾಲುಕ್ಯಶೈಲಿಯ ಸಣ್ಣ ಗುಡಿಗಳನ್ನು ಬಲ್ಲವರು ಕಡಿಮೆ. ಅಲ್ಲಿ ಟಿಕೆಟ್ಟಿಲ್ಲ, ನೂಕುನುಗ್ಗಲಿಲ್ಲ. ನೆಮ್ಮದಿಯಿಂದ ಒಂದು ಕಂಬದ ತಿರುವನ್ನು ಕಾಲುಗಂಟೆ ನೋಡುತ್ತ ನಿಲ್ಲುವ ಸೌಭಾಗ್ಯ ಹಂಪಿಯಲ್ಲಿ ಈಗ ಸಿಗುವುದಿಲ್ಲ.

ಕುರುಗೋಡಿನಿಂದ ಮುಂದೆ ಕಾಲುವೆ ಜೊತೆಗೂಡುತ್ತದೆ. ತುಂಗಭದ್ರೆಯ ಬಲದಂಡೆ ಕೆಳಮಟ್ಟದ ಕಾಲುವೆಯ ನೀರು ಎರೆಭೂಮಿಯನ್ನು ಭತ್ತದ ಗದ್ದೆಯಾಗಿ ಮಾರ್ಪಡಿಸಿರುವುದನ್ನು ಕಣ್ಣಾರೆ ಕಾಣಬಹುದು. ಅದರೊಂದಿಗೆ ಬಂದ ಸವಳು ಜವಳಿನ ಸಮಸ್ಯೆಯನ್ನೂ ಕಾಣಬಹುದು. ಸಿರುಗುಪ್ಪಕ್ಕೆ ಮುನ್ನ ಸಿಗುವ ತೆಕ್ಕಲಕೋಟೆಯಲ್ಲಿ 1963–64ರಲ್ಲಿ ಎಂ.ಎಸ್. ನಾಗರಾಜರಾವ್ ಮತ್ತು ಕೆ.ಸಿ. ಮಲ್ಹೋತ್ರ ನಡೆಸಿದ ಉತ್ಖನನದಲ್ಲಿ ಗುಂಡನೆಯ ಗುಡಿಸಲುಗಳ ನೆಲಗಟ್ಟುಗಳು ಮಾತ್ರವಲ್ಲ, ಚಿನ್ನದ ಆಭರಣವೂ ದೊರೆಯಿತು. ಕಲ್ಲುಕೊಡಲಿಯ ಜನಕ್ಕೂ ಕಿವಿಗೊಂದು ಒಡವೆ ಬೇಕಿತ್ತು.

ಈ ಇಡೀ ಹಾದಿಯಲ್ಲಿ ನನ್ನನ್ನು ಅತ್ಯಂತ ಆಳವಾಗಿ ಕಲಕಿದ್ದು ಸಿರುಗುಪ್ಪ ತಾಲ್ಲೂಕಿನ ನಿಟ್ಟೂರು. ಇಲ್ಲಿ ಮತ್ತು ಉಡೇಗೋಳದಲ್ಲಿ 1970ರ ದಶಕದ ಕೊನೆಯಲ್ಲಿ ಅಶೋಕನ ಕಿರುಶಾಸನಗಳು ಬೆಳಕಿಗೆ ಬಂದವು. ಅಶೋಕನ ಬಹುಪಾಲು ಶಾಸನಗಳಲ್ಲಿ ದೊರೆಯನ್ನು ದೇವಾನಾಂಪ್ರಿಯ ಎಂದಷ್ಟೇ ಕರೆದಿದೆ. ಅವನ ಹೆಸರನ್ನೇ ಹೇಳುವ ಕಿರುಶಾಸನಗಳು ಇರುವುದು ಮಸ್ಕಿ, ಮಧ್ಯಪ್ರದೇಶದ ಗುಜರ್ರಾ, ನಿಟ್ಟೂರು ಮತ್ತು ಉಡೇಗೋಳಗಳಲ್ಲಿ. 1915ರಲ್ಲಿ ಸಿಕ್ಕ ಮಸ್ಕಿ ಶಾಸನ ಶಾಲೆಯ ಪುಸ್ತಕಕ್ಕೆ ಬಂತು, ನಿಟ್ಟೂರು ಬರಲಿಲ್ಲ. ಮೇಲಿನವರು ಮಾತ್ರವಲ್ಲ, ಸಾಮಾನ್ಯನೂ ಪ್ರಯತ್ನದಿಂದ ಮೇಲೇರಬಲ್ಲ ಎಂಬುದು ಆ ಶಾಸನಗಳ ಆಶಯ. ತಂದೆತಾಯಿಗಳನ್ನು ಗೌರವಿಸು, ಪ್ರಾಣಿಗಳಲ್ಲಿ ದಯೆಯಿಡು, ಸತ್ಯವನ್ನು ನುಡಿ ಎಂಬ ಉಪದೇಶವನ್ನು ರಜ್ಜುಕರೆಂಬ ಅಧಿಕಾರಿಗಳ ಮೂಲಕ ಹಳ್ಳಿಗಳಿಗೆ ಮುಟ್ಟಿಸುವ ಏರ್ಪಾಡು ಈ ಪಂಗಡದ ಶಾಸನಗಳಲ್ಲಿದೆ. ರಜ್ಜು ಎಂದರೆ ಹಗ್ಗ. ನೆಲವನ್ನು ಅಳೆಯುವವನು ರಜ್ಜುಕ. ಕಂದಾಯ ಆಡಳಿತದ ಮನುಷ್ಯನಾದ ನನಗೆ ಆ ಬಂಡೆಯ ಮುಂದೆ ನನ್ನ ಹಿರೀಕನೊಬ್ಬನನ್ನು ಕಂಡಂತಾಯಿತು.

ಸಿರಿಯ ಕುಪ್ಪೆ ಎಂಬುದೇ ಸಿರುಗುಪ್ಪ ಎಂದು ಜನ ಹೆಸರಿನ ಅರ್ಥ ಹೇಳುತ್ತಾರೆ. ಊರು ತುಂಗಭದ್ರೆಯ ಕವಲೊಂದರ ದಂಡೆಯ ಮೇಲಿದೆ. ಕವಲು ಮತ್ತು ಮುಖ್ಯ ಹೊಳೆಯ ನಡುವೆ ದೇಶನೂರಿನ ನಡುಗಡ್ಡೆ. ಸಿರುಗುಪ್ಪ ಮತ್ತು ದೇಶನೂರು ಕಾಲುವೆಗಳು ವಿಜಯನಗರ ಕಾಲದ ಕಾಲುವೆಗಳ ಸಾಲಿಗೆ ಸೇರಿದವು. ಹಂಪಿಯ ಅರಮನೆಗಳು ಹಾಳಾದವು. ಆ ಕಾಲದ ನೀರಿನ ವ್ಯವಸ್ಥೆ ಮಾತ್ರ ಇನ್ನೂ ಅನ್ನ ಕೊಡುತ್ತಿದೆ. ಸಮೀಪದ ಕೆಂಚನಗುಡ್ಡದಲ್ಲಿ ಹೊಳೆಯ ದಂಡೆಯ ಗಂಗಾಧರೇಶ್ವರ ಗುಡಿಯೂ ರಾಯರ ಮಠದ ಪರಂಪರೆಯ ವಸುಧೇಂದ್ರತೀರ್ಥರ ಬೃಂದಾವನವೂ ಇವೆ. ಸಂಜೆಯ ಹೊತ್ತಿಗೆ ಅಲ್ಲಿರುವುದು ಲೇಸು.

ಇದೇ ತಾಲ್ಲೂಕಿನ ಮಳೆಯಾಶ್ರಿತ ಎರೆಹೊಲಗಳಲ್ಲಿ ಈ ಶತಮಾನದಲ್ಲಿಯೂ ಎರೆಭೂತ ಹಕ್ಕಿ ಕಾಣಿಸಿಕೊಂಡಿದೆ. ದೇಶದಲ್ಲಿ ಇದರ ಸಂಖ್ಯೆ ಇನ್ನೂರನ್ನೂ ಮುಟ್ಟದೆಂಬುದು ತಜ್ಞರ ಅಂದಾಜು. ಇದನ್ನು ಮಾತ್ರ ದಯವಿಟ್ಟು ಹುಡುಕಿಕೊಂಡು ಹೋಗಬೇಡಿ. ಕ್ಯಾಮೆರಾ ಹಿಡಿದು ಬೆನ್ನಟ್ಟುವ ಅಭಿಮಾನವೂ ಅದಕ್ಕೆ ಮಾರಕ. ಇದೆ ಎಂದು ತಿಳಿದಿದ್ದರೆ ಸಾಕು.

ನವೆಂಬರಿನಿಂದ ಫೆಬ್ರವರಿಯೊಳಗೆ ಎರಡು ದಿನ ಬಿಡುವು ಮಾಡಿಕೊಂಡರೆ ಇವಿಷ್ಟನ್ನೂ ನೋಡಬಹುದು. ಮೊದಲ ದಿನ ಬೆಳಗ್ಗೆ ಕೋಟೆ, ಮಧ್ಯಾಹ್ನ ವಸ್ತುಸಂಗ್ರಹಾಲಯ, ಸಂಜೆ ಸಂಗನಕಲ್ಲು. ಎರಡನೆಯ ದಿನ ಕುರುಗೋಡು, ತೆಕ್ಕಲಕೋಟೆ, ನಿಟ್ಟೂರು, ಕೊನೆಗೆ ಕೆಂಚನಗುಡ್ಡದ ಹೊಳೆ. ಆದರೆ ಓದುಗರು ಹೋಗಿಬಂದ ಮಾತ್ರಕ್ಕೆ ಇವು ಉಳಿಯುವುದಿಲ್ಲ. ಉಳಿಸುವ ಕೆಲಸ ಎಲ್ಲಿ ತಪ್ಪುತ್ತಿದೆ ಎಂಬುದು ಆಡಳಿತವನ್ನು ಒಳಗಿನಿಂದ ಕಂಡವರಿಗೆ ಗೊತ್ತು.

ಗುಡ್ಡಗಳು ಪಹಣಿಯಲ್ಲಿ ಸಾಮಾನ್ಯವಾಗಿ ‘ಸರ್ಕಾರಿ ಖರಾಬು’ ಎಂದು ದಾಖಲಾಗುತ್ತವೆ. ಖರಾಬು ಎಂದರೆ ಸಾಗುವಳಿಗೆ ಬಾರದ, ಕಂದಾಯ ಹುಟ್ಟದ ನೆಲ. ಕಲ್ಲುಗಣಿಗೆ ಅರ್ಜಿ ಬಂದಾಗ ಕಡತ ನೋಡುವ ಅಧಿಕಾರಿಯ ಕಣ್ಣಿಗೆ ಐದು ಸಾವಿರ ವರ್ಷಗಳ ಗೂಳಿಚಿತ್ರ ಕಾಣುವುದಿಲ್ಲ. ಖರಾಬು ಎಂಬ ಒಂದು ಪದ ಕಾಣುತ್ತದೆ. ಅವನು ದುಷ್ಟನಾಗಬೇಕಿಲ್ಲ, ದಾಖಲೆಯನ್ನು ನಂಬಿದರೆ ಸಾಕು. ಕೋಟೆಯಂತಹ ಪ್ರಸಿದ್ಧ ಸ್ಮಾರಕಗಳಿಗೆ ಕಾನೂನಿನ ರಕ್ಷಣೆಯಿದೆ. ಬೂದಿದಿಬ್ಬ, ಕೊಡಲಿ ಕಾರ್ಖಾನೆ, ನಾದಶಿಲೆಗಳಿಗೆ ಗೋಡೆಯೂ ಇಲ್ಲ, ಗೋಪುರವೂ ಇಲ್ಲ. ಆದ್ದರಿಂದ ಅವು ಸ್ಮಾರಕವೆಂದೇ ಅನ್ನಿಸುವುದಿಲ್ಲ.

ಪರಿಹಾರ ದುಬಾರಿಯದಲ್ಲ. ಇಂತಹ ನೆಲೆಗಳ ಸರ್ವೆ ನಂಬರುಗಳನ್ನು ಪಟ್ಟಿಮಾಡಿ, ಪುರಾತನ ನೆಲೆಯೆಂದು ಪಹಣಿಯಲ್ಲಿಯೇ ನಮೂದಿಸಬೇಕು. ಮುಂದೆ ಯಾವ ಅರ್ಜಿ ಬಂದರೂ ಆ ನಮೂದು ಎದುರಿಗೆ ಬರುತ್ತದೆ. ಎರಡನೆಯದಾಗಿ, ಪ್ರತಿ ನೆಲೆಯಲ್ಲಿ ಕನ್ನಡ, ತೆಲುಗು, ಇಂಗ್ಲಿಷ್ ಫಲಕಗಳೂ ತರಬೇತಿ ಪಡೆದ ಸ್ಥಳೀಯ ಯುವಕರೂ ಬೇಕು. ಕಾಯುವವನಿಗೆ ಸಂಬಳ ಹುಟ್ಟದ ಸ್ಮಾರಕವನ್ನು ಯಾರೂ ಕಾಯುವುದಿಲ್ಲ. ಇದಕ್ಕೆ ಹಣವೆಲ್ಲಿ ಎಂದು ಕೇಳಬಹುದು. 2015ರ ಕಾಯ್ದೆ ತಿದ್ದುಪಡಿಯ ನಂತರ ಗಣಿ ಗುತ್ತಿಗೆದಾರರು ಜಿಲ್ಲಾ ಖನಿಜ ಪ್ರತಿಷ್ಠಾನಕ್ಕೆ ವಂತಿಗೆ ಕೊಡುತ್ತಿದ್ದಾರೆ. ಕುಡಿಯುವ ನೀರು, ಆರೋಗ್ಯ, ಶಿಕ್ಷಣಗಳಿಗೆ ಅದರಲ್ಲಿ ಆದ್ಯತೆ ಇರುವುದು ಸರಿಯೇ. ಆದರೂ ಗುಡ್ಡ ಒಡೆದು ಬಂದ ಹಣದ ಒಂದು ಸಣ್ಣ ಪಾಲು, ಒಡೆಯದೆ ಉಳಿದಿರುವ ಗುಡ್ಡಗಳ ರಕ್ಷಣೆಗೆ ಸಲ್ಲುವುದು ನ್ಯಾಯವಲ್ಲವೇ?

ಹಂಪಿಯ ನೆರಳಿನಲ್ಲಿ ಇಷ್ಟು ಕಾಲ ಮರೆಯಾಗಿದ್ದ ಬಳ್ಳಾರಿಗೆ ಜಿಲ್ಲಾ ವಿಭಜನೆ ನಷ್ಟವನ್ನಷ್ಟೇ ತಂದಿಲ್ಲ, ತನ್ನನ್ನು ತಾನು ನೋಡಿಕೊಳ್ಳುವ ಅವಕಾಶವನ್ನೂ ತಂದಿದೆ. ಅದಿರು ಮುಗಿಯುವ ವಸ್ತು. ಒಮ್ಮೆ ಹಡಗು ಹತ್ತಿದ ಮೇಲೆ ಅದು ನಮ್ಮದಲ್ಲ. ನಿಟ್ಟೂರಿನ ಬಂಡೆ ಎರಡು ಸಾವಿರದ ಇನ್ನೂರು ವರ್ಷಗಳಿಂದ ಅಲ್ಲಿಯೇ ಇದೆ. ಅದು ಮುಂದೆಯೂ ಅಲ್ಲಿರಬೇಕಾದರೆ ನಮ್ಮ ದಾಖಲೆಗಳಲ್ಲಿ ಒಂದು ಪದ ಬದಲಾಗಬೇಕಿದೆ.