ಮುಂಬೈಯ ತೇಗದ ಫ್ರಿಗೇಟ್

ಮುಂಬೈ ಕೋಟೆ ಪ್ರದೇಶದ ನೌಕಾಂಗಣದಲ್ಲಿ ಪಾರ್ಸಿ ನೌಕಾಶಿಲ್ಪಿ ಜಮ್ಶೆಟ್‌ಜಿ ಬೊಮನ್‌ಜಿ ವಾಡಿಯಾ ಅವರು ಕಟ್ಟಿಸಿ, 1817ರ ಅಕ್ಟೋಬರ್ 12ರಂದು ನೀರಿಗಿಳಿಸಿದ ‘ಟ್ರಿಂಕೋಮಲಿ’ ಎಂಬ ಹಾಯಿಹಡಗು ಇಂದಿಗೂ ಇಂಗ್ಲೆಂಡಿನ ಹಾರ್ಟಲ್‌ಪೂಲ್‌ನಲ್ಲಿ ತೇಲುತ್ತಿದೆ. ಇದು ಫ್ರಿಗೇಟ್ ವರ್ಗಕ್ಕೆ ಸೇರಿದ್ದು. ಅಂದರೆ ಮೂರು ಕೂವೆಕಂಬಗಳನ್ನು ಹೊತ್ತು, ಮುಖ್ಯ ಫಿರಂಗಿಗಳನ್ನೆಲ್ಲ ಒಂದೇ ಅಂತಸ್ತಿನಲ್ಲಿ ಸಾಲಾಗಿರಿಸಿಕೊಂಡು, ದೊಡ್ಡ ಯುದ್ಧನೌಕೆಗಳಿಗಿಂತ ಹಗುರವಾಗಿ ವೇಗವಾಗಿ ಓಡುತ್ತ, ಶತ್ರುಗಳ ಸುಳಿವು ಹಿಡಿಯಲು, ವ್ಯಾಪಾರಿ ಹಡಗುಗಳನ್ನು ಕಾಯಲು ಬಳಕೆಯಾಗುತ್ತಿದ್ದ ನೌಕೆ.

ನೆಪೋಲಿಯನ್ನನ ಕಾಲದ ಯುದ್ಧಗಳಲ್ಲಿ ಬ್ರಿಟನ್ನಿನ ಓಕ್ ಮರ ಸಾಲದಾಗಿದ್ದರಿಂದ ನೌಕಾಪಡೆಯ ಕಣ್ಣು ಮಲಬಾರ್ ಕಾಡುಗಳ ತೇಗದ ಮೇಲೆ ಬಿದ್ದಿತ್ತು. ತೇಗದ ಎಣ್ಣೆ ಮತ್ತು ಅದರಲ್ಲಿರುವ ಟೆಕ್ಟೋಕ್ವಿನೋನ್ ಎಂಬ ರಾಸಾಯನಿಕ ಗೆದ್ದಲನ್ನೂ ಕೊಳೆಯನ್ನೂ ದೂರವಿಡುತ್ತವೆ. ಬಿಸಿಲಿಗೂ ನೀರಿಗೂ ಅದು ಹೆಚ್ಚು ಹಿಗ್ಗದು, ಕುಗ್ಗದು. ಅದಕ್ಕಿಂತ ಮುಖ್ಯವಾದ ಗುಣವೆಂದರೆ, ಓಕ್‌ನಲ್ಲಿರುವ ಟ್ಯಾನಿನ್ ಆಮ್ಲವು ಹಲಗೆಗಳನ್ನು ಹಿಡಿದಿಡುವ ಕಬ್ಬಿಣದ ಮೊಳೆಗಳನ್ನೇ ತಿಂದುಹಾಕುತ್ತಿದ್ದರೆ, ತೇಗ ಆ ಮೊಳೆಗಳಿಗೆ ಕೇಡು ಮಾಡುವುದಿಲ್ಲ. ಬಡಗಿಯ ಉಳಿಯನ್ನು ಮೊಂಡಾಗಿಸುವ ಸಿಲಿಕಾ ತೇಗದಲ್ಲಿ ಹೇರಳವಾಗಿರುವುದರಿಂದ, ಈ ಲಾಭಕ್ಕೆ ಬೆಲೆ ತೆತ್ತದ್ದು ಅದನ್ನು ಕೆತ್ತುವ ಕೈಗಳು.

ಮುಂಬೈಗೆ ಇನ್ನೊಂದು ಅನುಕೂಲವನ್ನು ಸಮುದ್ರವೇ ಒದಗಿಸಿತ್ತು. ಅಮಾವಾಸ್ಯೆ, ಹುಣ್ಣಿಮೆಗಳ ಆಸುಪಾಸಿನಲ್ಲಿ ಇಲ್ಲಿನ ಭರತ ಮತ್ತು ಇಳಿತಗಳ ನಡುವಿನ ಅಂತರ ನಾಲ್ಕು ಮೀಟರಿಗೂ ಮಿಕ್ಕುತ್ತದೆ. ಮುಂಬೈಯವರು ಗೋದಿ ಎನ್ನುವ ಹಡಗುಕಟ್ಟೆಯೊಳಕ್ಕೆ ಭರತದ ವೇಳೆಗೆ ಹಡಗನ್ನು ತಂದು, ಇಳಿತದಲ್ಲಿ ನೀರು ಹೊರಹೋಗಲು ಬಿಟ್ಟು ಬಾಗಿಲು ಮುಚ್ಚಿದರೆ, ತಳವನ್ನು ಒಣನೆಲದಲ್ಲಿ ನಿಂತು ದುರಸ್ತಿ ಮಾಡಬಹುದಿತ್ತು.

ಟ್ರಿಂಕೋಮಲಿಯ ನಿರ್ಮಾಣ ಮಾತ್ರ ಸುಸೂತ್ರವಾಗಿ ಆರಂಭವಾಗಲಿಲ್ಲ. 1812ರಲ್ಲಿ ಆದೇಶವಾದರೂ, ನಕ್ಷೆಗಳನ್ನು ತರುತ್ತಿದ್ದ ‘ಜಾವಾ’ ಎಂಬ ಬ್ರಿಟಿಷ್ ಫ್ರಿಗೇಟನ್ನು ಅದೇ ವರ್ಷದ ಡಿಸೆಂಬರಿನಲ್ಲಿ ಬ್ರೆಜಿಲ್ ಕರಾವಳಿಯಾಚೆ ಅಮೆರಿಕದ ‘ಕಾನ್‌ಸ್ಟಿಟ್ಯೂಷನ್’ ಸೋಲಿಸಿತು, ಅದರೊಂದಿಗೆ ನಕ್ಷೆಗಳೂ ಹೋದವು. ಆ ನಕ್ಷೆಯಾದರೂ ಬ್ರಿಟಿಷರ ಸ್ವಂತದ್ದಲ್ಲ. 1782ರಲ್ಲಿ ಸೆರೆಹಿಡಿದ ‘ಹೆಬೆ’ ಎಂಬ ಫ್ರೆಂಚ್ ಹಡಗಿನ ಆಕಾರವನ್ನು ನಕಲು ಮಾಡಿದ ವಿನ್ಯಾಸವದು. ಮತ್ತೊಂದು ಪ್ರತಿ ಬಂದು, ಹಡಗಿನ ಬೆನ್ನೆಲುಬಾದ ಅಡಿದಿಮ್ಮಿಯನ್ನು 1816ರ ಏಪ್ರಿಲಿನಲ್ಲಿ ಇಡುವಷ್ಟರಲ್ಲಿ ವಾಟರ್ಲೂ ಕದನದೊಂದಿಗೆ ನೆಪೋಲಿಯನ್ನನ ಯುದ್ಧಗಳೇ ಮುಗಿದುಹೋಗಿದ್ದವು.

ಆದ್ದರಿಂದ 1819ರಲ್ಲಿ ಪೋರ್ಟ್ಸ್‌ಮತ್ ತಲುಪಿದ ಹಡಗನ್ನು ಕೂವೆಕಂಬ ಕಳಚಿ ಮೂಲೆಗಿಡಲಾಯಿತು. ಕಾಲು ಶತಮಾನ ಅದು ಸುಮ್ಮನೆ ನಿಂತಿತ್ತು. 1845ರಲ್ಲಿ ಹಿಂಭಾಗವನ್ನು ಮಾರ್ಪಡಿಸಿ, ಫಿರಂಗಿಗಳನ್ನು 26ಕ್ಕೆ ಇಳಿಸಿದ ಮೇಲೆ, 1847ರಿಂದ 1850ರವರೆಗೆ ಉತ್ತರ ಅಮೆರಿಕ ಮತ್ತು ವೆಸ್ಟ್ ಇಂಡೀಸ್ ಕಡೆಗೂ, 1852ರಿಂದ 1857ರವರೆಗೆ ಪೆಸಿಫಿಕ್ ಸಾಗರಕ್ಕೂ ಹೋಗಿ ಕಾವಲು ಕಾಯಿತು. ಯುದ್ಧನೌಕೆಯಾಗಿ ಅದರ ಸೇವೆ ಇಷ್ಟೇ ಎನ್ನಬಹುದು. ಉಗಿಯಂತ್ರದ ಹಡಗುಗಳು ಬಂದ ಮೇಲೆ ಅದು ತರಬೇತಿ ಹಡಗಾಯಿತು. 1897ರಲ್ಲಿ ಗುಜರಿಗೆ ಮಾರಾಟವಾದಾಗ, ಬ್ಲ್ಯಾಕ್‌ಪೂಲ್ ಬಳಿ ಒಡೆದುಹೋದ ತನ್ನ ‘ಫುದ್ರೊಯಾಂಟ್’ ಹಡಗಿಗೆ ಬದಲಿ ಹುಡುಕುತ್ತಿದ್ದ ಜಾರ್ಜ್ ವೀಟ್ಲಿ ಕಾಬ್ ಅದನ್ನು ಕೊಂಡು, ಅದಕ್ಕೂ ಅದೇ ಹೆಸರಿಟ್ಟು ಹುಡುಗರ ತರಬೇತಿಗೆ ಬಳಸಿದ. 1986ರವರೆಗೂ ತರಬೇತಿ ನಡೆಯಿತು.

1987ರಲ್ಲಿ ಹಾರ್ಟಲ್‌ಪೂಲಿಗೆ ಸಾಗಿಸಿ, ಹಳೆಯ ಹೆಸರನ್ನು ಮರಳಿ ಕೊಟ್ಟು, ಹತ್ತು ವರ್ಷಕ್ಕೂ ಮಿಕ್ಕಿ ಜೀರ್ಣೋದ್ಧಾರ ನಡೆಸಿದಾಗಲೂ, ಮುಂಬೈಯ ಬಡಗಿಗಳು ಜೋಡಿಸಿದ ತೇಗದಲ್ಲಿ ಅರ್ಧಕ್ಕಿಂತ ಹೆಚ್ಚಿನದನ್ನು ತೆಗೆಯಬೇಕಾಗಿ ಬರಲಿಲ್ಲ.